ಕಾಳಪ್ಪ ಮಾಸ್ತರು ಕುಂಕುಮಕ್ಕೆ ಕರೆದದ್ದು

ನಾನು ನಿಂತಿದ್ದದ್ದು ಕುರುಗೋಡಿನ ನಾಟಕದ ಚಪ್ಪರದಲ್ಲಿ, ಹೆಂಗಸರ ಬಾಗಿಲ ಬಳಿ. ಸ್ವಾತಂತ್ರ್ಯ ಬಂದ ಮೇಲಿನ ಮೂರನೆಯ ಬೇಸಿಗೆ, ಒಂದು ಭಾನುವಾರದ ಮಧ್ಯಾಹ್ನ. ಬಾಗಿಲು ಕಾಯುವುದು ಕಂಪನಿಯಲ್ಲಿ ನನ್ನ ಕೆಲಸ. ಅಲ್ಲಿಂದ ರಂಗ ನೇರವಾಗಿ ಕಾಣುತ್ತಿತ್ತು. ಪರದೆಯ ಮುಂದೆ ಎದೆಗೆ ಅಕಾರ್ಡಿಯನ್ ಕಟ್ಟಿಕೊಂಡು ಜರ್ಮನಿಯ ಕಾರ್ಲ್ ನಿಂತಿದ್ದರು. ಆಗ ಕಂಡದ್ದನ್ನಷ್ಟೇ ಬರೆಯುತ್ತೇನೆ.

ಮುಂಬಯಿಯ ಹೋಟೆಲೊಂದರಲ್ಲಿ ವಾದ್ಯ ನುಡಿಸಲು ಬಂದಿದ್ದ ಅವರನ್ನು ಯುದ್ಧ ಶುರುವಾದಾಗ ಬ್ರಿಟಿಷರು ಹಿಡಿದು ಶಿಬಿರದಲ್ಲಿ ಇಟ್ಟಿದ್ದರಂತೆ. ಬಿಡುಗಡೆಯಾದ ಮೇಲೆ ನಮ್ಮ ಮಾಲೀಕರು ಬಳ್ಳಾರಿಗೆ ಕರೆತಂದರು. ಹಾಲಿನಂಥ ಬಣ್ಣದ ಮನುಷ್ಯನಿಗೆ ಜನ ಕಾಳಪ್ಪ ಮಾಸ್ತರೆಂದು ಹೆಸರಿಟ್ಟರು. ಅವರಿಗೆ ಬರುತ್ತಿದ್ದ ಕನ್ನಡದಲ್ಲಿ ಏಕವಚನವೇ ಇರಲಿಲ್ಲ. ರಂಗದ ಮೇಲೆ ಮಲಗಿದ ನಾಯಿಗೂ "ಸ್ವಲ್ಪ ಸರೀರಿ" ಎನ್ನುತ್ತಿದ್ದರು.

"ಏನ್ರೀ ಮಾಸ್ತರ, ನಾಯಿಗೂ ರೀ ಹಚ್ಚತೀರಲ್ಲ?" ಎಂದು ಮಾಲೀಕರು ನಕ್ಕರೆ, "ಅವ್ರು ನನಗಿಂತ ಮೊದ್ಲು ಕಂಪನಿಗೆ ಸೇರ್ಯಾರ್ರಿ" ಎಂದರು.

ಹಿಂದೆ ಸೀನು ಬದಲಾಗುವಷ್ಟು ಹೊತ್ತು ಪರದೆಯ ಮುಂದೆ ಜನರನ್ನು ಹಿಡಿದಿಡುವುದು ಅವರ ಕೆಲಸ. ಯಾರನ್ನಾದರೂ ಎಬ್ಬಿಸಿ ಹೆಸರು, ಊರು ಕೇಳುತ್ತಿದ್ದರು. ಸಿರುಗುಪ್ಪದಲ್ಲಿ ಹಾಗೆ ಎದ್ದ ದೇಶನೂರಿನ ಹೆಣ್ಣುಮಗಳೊಬ್ಬಳು ನಾಚುತ್ತಲೇ ನಾಟಿಯ ಹಾಡಿನ ಒಂದು ಸೊಲ್ಲು ಹೇಳಿದಳು. ಮಾಸ್ತರು ಅದನ್ನು ಹಿಡಿದು ನುಡಿಸಿದರು. ಚಪ್ಪರವೆಲ್ಲ ಹಾಡಿತು. ಸೀನು ಸಿದ್ಧವಾಗಿದ್ದರೂ ಪರದೆ ಎಳೆಯುವ ಹುಸೇನಸಾಬ್ ಹಗ್ಗ ಹಿಡಿದು ಕೇಳುತ್ತಾ ನಿಂತುಬಿಟ್ಟ.

ಕುರುಗೋಡಿನ ಆ ಮಧ್ಯಾಹ್ನದ್ದು ಹೆಂಗಸರ ಆಟ. ಗಂಡಸರು ಇಣುಕದಂತೆ ಸುತ್ತಲ ತಟ್ಟಿಗಳನ್ನು ಹೊರಗಿನಿಂದ ಹಗ್ಗದಲ್ಲಿ ಬಿಗಿದಿದ್ದೆವು. ಇದ್ದದ್ದು ನಾನು ಕಾಯುತ್ತಿದ್ದ ಹಿಂದಿನ ಬಾಗಿಲೊಂದೇ. ಆಟ ಮುಗಿದ ಮೇಲೆ ಅಲ್ಲಿ ಮಾಲೀಕರ ಹೆಂಡತಿ ಕುಂಕುಮ, ಹೂವು ಕೊಡುವುದು ಪದ್ಧತಿ. ಎಡಗಡೆ ತಟ್ಟಿಯ ಪಕ್ಕ, ಬೇರೆ ಚಾಪೆಯ ಮೇಲೆ, ಗಂಡ ಸತ್ತವರು ಕೂತಿದ್ದರು. ನನ್ನ ಅಕ್ಕ ಈರಮ್ಮ ಅವರಲ್ಲೊಬ್ಬಳು.

ರಂಗದ ಹಿಂದೆ ಕಂಪನಿಯ ಅಡುಗೆಮನೆ. ಅದರ ಮಾಡಿನ ತೆಂಗಿನ ಗರಿಗೆ ಬೆಂಕಿ ಹತ್ತಿದ್ದನ್ನು ಒಳಗಿದ್ದವರಲ್ಲಿ ಮೊದಲು ಕಂಡದ್ದು ಮಾಸ್ತರು. ಅವರು ಪರದೆಯ ಸಂದಿಯಲ್ಲಿ ಒಮ್ಮೆ ಹಿಂದೆ ನೋಡಿ, ತಿರುಗಿ ನಕ್ಕರು.

"ಅವ್ವಗಳಿರಾ, ಇವತ್ತು ಕುಂಕುಮ ಮೊದ್ಲು, ಆಟ ಆಮ್ಯಾಲೆ. ಹಿಂದಿನೋರು ಮೊದ್ಲು ಏಳ್ರಿ."

ಮುಂದಿನ ಸಾಲಿನಿಂದ ಸಾಹುಕಾರರ ಹೆಂಡತಿ, "ಯಾಕ್ರಿ ಮಾಸ್ತರ, ಮುಂದ ಕುಂತೋರು ನಾವೇನು ಪಾಪ ಮಾಡೀವಿ?" ಎಂದರು.

"ನೀವೂ ಎದ್ದುಹೋದ್ರ ನನ್ನ ಪೇಟಿ ಕೇಳೋರು ಯಾರ್ರಿ?"

ಎಲ್ಲರೂ ನಕ್ಕರು. ಅವರು ನುಡಿಸುತ್ತಲೇ ಇದ್ದರು. ಸಾಲು ಸಾಲಾಗಿ ಹೆಂಗಸರು, ಮಕ್ಕಳು ನನ್ನ ಪಕ್ಕದಿಂದ ಹೊರಬಿದ್ದರು. ಕೊನೆಗೆ ಸಾಹುಕಾರರ ಹೆಂಡತಿಯೂ ಹೋದರು. ಚಾಪೆಯವರು ಮಾತ್ರ ಏಳಲಿಲ್ಲ.

"ಏಳ್ರಿ ಅವ್ವಾ, ಏಳ್ರಿ."

ಅವರಲ್ಲಿ ಹಿರಿಯಳು, "ನಮಗ್ಯಾತರ ಕುಂಕುಮ ತಮ್ಮಾ? ಅವರು ಬರ್ಲಿ, ನಾವು ಆಟ ನೋಡಾಕ ಕುಂತೀವಿ" ಎಂದಳು.

ಮಾಸ್ತರು ನನ್ನ ಕಡೆ ನೋಡಿದರು. ನಾನು ನನ್ನ ಹಣೆಯನ್ನು ಒರೆಸಿಕೊಂಡು ತೋರಿಸಿದೆ. ಅಷ್ಟು ದಿನ ನಮ್ಮೊಡನಿದ್ದರೂ ಗಂಡ ಸತ್ತವರಿಗೆ ಕುಂಕುಮವಿಲ್ಲ ಎಂಬ ಮಾತನ್ನು ಯಾರೂ ಅವರಿಗೆ ಹೇಳಿರಲಿಲ್ಲ. ಅವರ ಕೈ ನಿಂತಿತು. ರಂಗದಿಂದಿಳಿದು ಚಾಪೆಯ ಮುಂದೆ ಮೊಣಕಾಲೂರಿ ಕೂತು, ಮೆಲ್ಲಗೆ, "ಅವ್ವಾ, ನಂದು ತಪ್ಪಾತು. ಬೆಂಕಿ ಹತ್ತೈತಿ. ನಡೀರಿ" ಎಂದರು.

ಯಾರೂ ಚೀರಲಿಲ್ಲ. ಎದ್ದು ನಿಂತರು. ಅಷ್ಟರಲ್ಲಿ ಬೆಂಕಿ ಚಪ್ಪರಕ್ಕೂ ಹಬ್ಬಿ, ಉರಿಯುವ ಗರಿ ಅವರಿಗೂ ಬಾಗಿಲಿಗೂ ನಡುವೆ ಕುಸಿಯಿತು. ನಾನು ಹೊರಗಿನಿಂದ ಓಡಿಹೋಗಿ ಎಡಗಡೆಯ ತಟ್ಟಿಯ ಹಗ್ಗ ಕೊಯ್ದೆ. ಒಳಗಿನಿಂದ ಮಾಸ್ತರು ಅದನ್ನು ಎರಡೂ ಕೈಯಲ್ಲಿ ಮೇಲೆತ್ತಿದರು. ತಟ್ಟಿ ಆಗಲೇ ಉರಿಯುತ್ತಿತ್ತು. ಹೆಂಗಸರು ಒಬ್ಬೊಬ್ಬರಾಗಿ ಬಗ್ಗಿ ಬಂದರು. ಕೊನೆಯವಳು ಅಕ್ಕ. ಆಮೇಲೆ ನಾನು ಮಾಸ್ತರನ್ನು ಹೊರಗೆಳೆದುಕೊಂಡೆ.

ಅವರ ಸುಟ್ಟ ಬೆರಳುಗಳು ಮಡಚಿದಂತೆಯೇ ಮಾಯ್ದವು. ಅವರು ಮತ್ತೆ ವಾದ್ಯ ಮುಟ್ಟಲಿಲ್ಲ. ಮುಂದಿನ ಸಿರುಗುಪ್ಪದ ಕ್ಯಾಂಪಿನಲ್ಲಿ ಬರಿಗೈಯಲ್ಲಿ ಪರದೆಯ ಮುಂದೆ ನಿಂತು ಮಾತಾಡಿದರು, ಜನ ನಕ್ಕರು. ಹೆಂಗಸರ ಆಟದಲ್ಲಿ ಕುಂಕುಮ ಬೇಡ, ಎಲ್ಲರಿಗೂ ಬಾಳೆಹಣ್ಣು ಕೊಡ್ರಿ ಎಂದು ಹಟ ಹಿಡಿದರು. ಮಾಲೀಕರು ಒಪ್ಪಿದರು.

ಒಂದೆರಡು ವರ್ಷ ಕಳೆದು ಅವರು ತಮ್ಮ ದೇಶಕ್ಕೆ ಹೊರಟಾಗ ಬಳ್ಳಾರಿ ಸ್ಟೇಷನ್ನಿಗೆ ನಾನೇ ಹೋಗಿದ್ದೆ. ಟಿಕೆಟನ್ನು ಅವರ ಜೇಬಿಗೆ ನಾನೇ ಹಾಕಬೇಕಾಯಿತು. "ಬರ್ತೀನ್ರಿ" ಎಂದರು. ಬರಲಿಲ್ಲ. ಮಾತಿನ ಜೊತೆ ಚಿತ್ರವೂ ಬರುವ ಪೆಟ್ಟಿಗೆಯೊಂದು ಅವರ ದೇಶದಲ್ಲಿ ಬಂದಿದೆಯೆಂದೂ, ಅದರಲ್ಲಿ ಅವರು ಸಾಧಾರಣ ಜನರನ್ನು ಕೂರಿಸಿಕೊಂಡು ಹೆಸರು, ಊರು ಕೇಳುತ್ತಾರೆಂದೂ, ಕೈಗಳನ್ನು ಮಾತ್ರ ಮೇಜಿನ ಕೆಳಗೆ ಇಟ್ಟಿರುತ್ತಾರೆಂದೂ ಬಳ್ಳಾರಿಯ ಗಾಂಧಿನಗರದಲ್ಲಿದ್ದ ಪಾದ್ರಿಯೊಬ್ಬರು ಆಮೇಲೆ ಹೇಳಿದರು. ನಾನು ನೋಡಿಲ್ಲ.

ಆ ಮಧ್ಯಾಹ್ನವನ್ನು ಕಂಡವರಲ್ಲಿ ಈಗ ಬದುಕಿರುವವರು, ನಾನು ಬಲ್ಲಂತೆ, ನನ್ನನ್ನು ಬಿಟ್ಟರೆ ಇಬ್ಬರು. ಹುಸೇನಸಾಬ್ ಸಿರುಗುಪ್ಪದಲ್ಲಿದ್ದಾನೆ. ಅಕ್ಕ ಈರಮ್ಮ ಪಾರ್ವತಿನಗರದಲ್ಲಿ ನನ್ನ ಮನೆಯಲ್ಲಿದ್ದಾಳೆ. ಕೇಳಿದರೆ ಅವಳು ಇಷ್ಟೇ ಹೇಳುತ್ತಾಳೆ: "ಬೆಂಕಿ ಅಷ್ಟು ನೆಪ್ಪಿಲ್ಲಪಾ. ನಮ್ಮ ಚಾಪಿ ಮುಂದ ಕುಂತು ತಪ್ಪಾತು ಅಂದ್ರಲ್ಲ, ಅದು ನೆಪ್ಪೈತಿ."