ಸೊನ್ನೆಯಲ್ಲೇ ನಿಂತ ಮುಳ್ಳು

ಮೆಕ್ಯಾನಿಕ್ ಬಸಣ್ಣ ನನ್ನ ಮೋಟಾರ್ ಸೈಕಲ್ಲಿನ ಮುಂದಿನ ಚಕ್ರ ಎತ್ತಿ ಗರಗರ ತಿರುಗಿಸಿದ. ಸ್ಪೀಡೋಮೀಟರಿನ ಮುಳ್ಳು ಸೊನ್ನೆ ಬಿಟ್ಟು ಕದಲಲಿಲ್ಲ. ಮೀಟರಿನ ಕೆಳಗೆ ಕೈಹಾಕಿ ನೋಡಿ ನಕ್ಕ. “ಕೇಬಲ್ ನೆಟ್ಟಗೈತೆ ಸಾರ್. ಯಾರೋ ನಟ್ ಬಿಚ್ಯಾರೆ.”

ಅದು ಎಂಬತ್ತರ ದಶಕದ ನ್ಯಾಮತಿ. ಆ ಸಣ್ಣ ಊರಲ್ಲಿ ಇಂಥ ಕಿತಾಪತಿ ಮಾಡುವವರು ಯಾರಪ್ಪ ಎಂದು ನಾನು ರೇಗುತ್ತಿರುವಾಗ, ಪಕ್ಕದಲ್ಲಿದ್ದ ಹೆಂಡತಿ ಮೆಲ್ಲಗೆ ಹೇಳಿದಳು: “ನಾನೇ ಕಣ್ರೀ. ಬರೀ ಮುಳ್ಳು ನೋಡ್ಕೊಂತ ಓಡಿಸ್ತೀರಿ. ಮೊನ್ನೆ ಗೋವಿನಕೋವಿ ತಿರುವಿನಾಗೆ ಎಮ್ಮೆಗೆ ಗುದ್ದೋದು ಸ್ವಲ್ಪದಾಗೆ ತಪ್ತು. ಇನ್ಮೇಲಾದ್ರೂ ರಸ್ತೆ ನೋಡ್ಲಿ ಅಂತ ಬಿಚ್ಚಿದೆ.”

ಬಸಣ್ಣ ಸ್ಪ್ಯಾನರ್ ಹಿಡಿದು ನನ್ನ ಮುಖ ನೋಡಿದ. ಬೇಡವೆಂದು ಕೈಯಾಡಿಸಿದೆ.

ಗಾಡಿ ಮಾರುವವರೆಗೂ ಆ ಮುಳ್ಳು ಸೊನ್ನೆಯಲ್ಲೇ ಇತ್ತು. ನನ್ನ ವೇಗ ಎಷ್ಟೆಂದು ಭುಜದ ಮೇಲಿನ ಅವಳ ಹಿಡಿತವೇ ಹೇಳುತ್ತಿತ್ತು.