ಬರಿಗಲ್ಲು ಬೀಸಿದ ರಾಣಿ

ನಾನು ಓದಿದ್ದು ನಾಲ್ಕನೇ ಕ್ಲಾಸು. ನಾಟಕ ಬರೆಯುತ್ತೇನೆ ಎಂದರೆ ಜನ ಮೊದಲು ನನ್ನ ಮುಖ ನೋಡುತ್ತಾರೆ, ಆಮೇಲೆ ನನ್ನ ಸೊಸೆಯ ಮುಖ ನೋಡುತ್ತಾರೆ. ಅವಳು ಬರೆದುಕೊಡುತ್ತಾಳೆ ಅನ್ನುವುದು ಅವರ ಅಂದಾಜು. ಸೊಸೆಗೆ ನಾಟಕ ಎಂದರೆ ತಲೆನೋವು. ಬರೆಯುವವಳು ನಾನೇ, ದಪ್ಪ ಅಕ್ಷರದಲ್ಲಿ, ಪುಟಕ್ಕೆ ಎಂಟು ಸಾಲು. ಮೊಮ್ಮಗಳು ಒತ್ತು, ದೀರ್ಘ ತಿದ್ದುತ್ತಾಳೆ, ಅಷ್ಟೇ.

ಬರೆಯುವುದೆಲ್ಲ ಹಳೇ ಕಾಲದ ಅರಸರ ಕಥೆ. ಈಗಿನ ಕಥೆ ಬರೆದರೆ ಬಿಳೇಕಹಳ್ಳಿಯ ಅರ್ಧ ಊರು ನನ್ನ ಜೊತೆ ಮಾತು ಬಿಡುತ್ತದೆ. ಸತ್ತ ರಾಣಿಯರು ಜಗಳಕ್ಕೆ ಬರುವುದಿಲ್ಲ.

ತೊಂಬತ್ತರ ದಶಕದ ಕೊನೆಯಲ್ಲಿ ನನ್ನ ಒಂದು ನಾಟಕಕ್ಕೆ ಒಳ್ಳೆ ಹೆಸರು ಬಂದಿತ್ತು. ಒಂದು ಸಣ್ಣ ಕೋಟೆ. ಸುತ್ತ ಶತ್ರು ದಂಡು. ಕೋಟೆಯೊಳಗೆ ಕಣಜ ಖಾಲಿ. ಶತ್ರು ಕಾಯುವುದು ಒಂದಕ್ಕೇ, ಬೆಳಗಿನ ಜಾವ ಒಳಗಿಂದ ರಾಗಿ ಬೀಸುವ ಸದ್ದು ಯಾವತ್ತು ನಿಲ್ಲುತ್ತದೆ ಎಂದು. ಆಗ ರಾಣಿ ಹೆಂಗಸರನ್ನೆಲ್ಲ ಕೂರಿಸಿ, ಕಾಳಿಲ್ಲದಿದ್ದರೂ ಕಲ್ಲು ತಿರುಗಿಸಿ ಅನ್ನುತ್ತಾಳೆ. ಇನ್ನೂ ದವಸ ಇದೆ ಎಂದುಕೊಂಡು ಶತ್ರು ಡೇರೆ ಕೀಳುತ್ತಾನೆ. ನನ್ನ ಅಜ್ಜಿ ಹೇಳಿದ ಕಥೆ. ಎಷ್ಟು ನಿಜ ಎಂದು ಅವಳನ್ನು ಕೇಳಿದ್ದರೆ ಕಟ್ಟಿಗೆ ತೆಗೆದುಕೊಳ್ಳುತ್ತಿದ್ದಳು.

ಜಯನಗರದ ಮಹಿಳಾ ಸಮಾಜದವರು ಮೂರು ಸಲ ಆಡಿದರು. ಥರ್ಮೋಕೋಲಿನ ಬೀಸುಕಲ್ಲು. ರಾಣಿ ಮೊರವನ್ನು ಜನರ ಕಡೆ ಬೋರಲು ಹಾಕಿ ಒಂದು ಕಾಳೂ ಇಲ್ಲ ಎಂದು ತೋರಿಸಿದಾಗ ಮೂರು ಸಲವೂ ಚಪ್ಪಾಳೆ.

ಆಮೇಲೆ ರೇಡಿಯೋದವರ ಕಾಗದ ಬಂತು. ಹೋದೆ. ಅಲ್ಲಿನ ಆಫೀಸರು ಸಣ್ಣ ದನಿಯ ಮನುಷ್ಯ. "ಮೊರ ಬೋರಲು ಹಾಕಿದ್ದು ರೇಡಿಯೋದಲ್ಲಿ ಹೇಗಮ್ಮ ಕೇಳ್ಸುತ್ತೆ? ನಮ್ಗೆ ಸದ್ದು ಬೇಕು," ಎಂದರು. ಅವರ ಟೇಪಿನಲ್ಲಿ ಇದ್ದದ್ದು ಹಿಟ್ಟಿನ ಮಿಲ್ಲಿನ ಸದ್ದು. ಆ ಕೋಟೆಗೆ ಕರೆಂಟ್ ಯಾರು ಕೊಟ್ಟರು ಎಂದು ಕೇಳಿದೆ. ನಕ್ಕರು. ನಮ್ಮ ಮನೆಯಲ್ಲೇ ಕಲ್ಲಿದೆ, ತರುತ್ತೇನೆ ಎಂದು ಒಪ್ಪಿಕೊಂಡು ಬಂದೆ.

ಬಂದವಳು ಸುಮ್ಮನಿರಲಿಲ್ಲ. ಹಾಲಿನವನಿಗೆ, ಮಹಡಿಯಲ್ಲಿ ಬಾಡಿಗೆಗಿದ್ದ ಹುಬ್ಬಳ್ಳಿ ಕಡೆಯ ಅಕ್ಕತಂಗಿಯರಿಗೆ, ತ್ಯಾಗರಾಜನಗರದ ಬೀಗರಿಗೆ, ಎಲ್ಲರಿಗೂ ನನ್ನ ನಾಟಕ ರೇಡಿಯೋದಲ್ಲಿ ಬರುತ್ತದೆ ಎಂದು ಸಾರಿಬಿಟ್ಟೆ. ಬೀಗರಿಗೆ ಎರಡು ಸಲ ಹೇಳಿದೆ. ನಾಲ್ಕನೇ ಕ್ಲಾಸಿನ ಬೀಗಿತ್ತಿ ಎಂದು ಮದುವೆಯಲ್ಲಿ ಅವರ ಕಡೆಯವರು ಆಡಿಕೊಂಡದ್ದು ನನಗೆ ಮರೆತಿರಲಿಲ್ಲ. ಇನ್ನು ನಾಟಕ ನಿಂತುಹೋದರೆ ಮುಖ ತೋರಿಸುವ ಹಾಗಿರಲಿಲ್ಲ.

ರೆಕಾರ್ಡಿಂಗಿನ ಹಿಂದಿನ ದಿನ ಬೆಳಿಗ್ಗೆ ಕಲ್ಲನ್ನು ಹಿತ್ತಲಿಂದ ತರಿಸಿದೆ. ನೀರಿನ ತೊಟ್ಟಿಯ ಪಕ್ಕ, ಮೇಲೊಂದು ಪೇಂಟಿನ ಡಬ್ಬ ಹೊತ್ತುಕೊಂಡು ಬಿದ್ದಿತ್ತು. ತೊಳೆದು, ಒರೆಸಿ, ಹಜಾರದಲ್ಲಿ ಕೂತು ತಿರುಗಿಸಿದೆ. ಒಳಗೆ ಅಡುಗೆಮನೆಯಲ್ಲಿ ನನ್ನ ಓರಗಿತ್ತಿ, ಅಂದರೆ ಮೈದುನನ ಹೆಂಡತಿ, ಅವರೆಕಾಯಿ ಸುಲಿಯುತ್ತಿದ್ದಳು. ಅವಳಿಗೆ ನಾನೂ ಕಾಣುತ್ತಿರಲಿಲ್ಲ, ಕಲ್ಲೂ ಕಾಣುತ್ತಿರಲಿಲ್ಲ.

"ಬರೀ ಕಲ್ಲು ಯಾಕಕ್ಕ ತಿರುಗಿಸ್ತಿದ್ದೀಯ?"

"ನಿಂಗೆ ಹೆಂಗೆ ಗೊತ್ತಾಯ್ತು?"

"ಕಿವಿ ಇಲ್ವಾ ನಂಗೆ? ಕಾಳು ಬಿದ್ರೆ ಕಲ್ಲು ಗೊರಗೊರ ಅನ್ನುತ್ತೆ. ಇದು ಕಿರುಚ್ಕೊಳ್ತಾ ಇದೆ."

ನಾಟಕದ ಕಥೆ ಹೇಳಿದೆ. ಅವಳು ಅವರೆಕಾಯಿ ಬಿಟ್ಟು ಆಚೆ ಬಂದು ನಿಂತು, ಹೊಟ್ಟೆ ಹಿಡಿದುಕೊಂಡು ನಕ್ಕಳು. "ಅಲ್ಲಕ್ಕ, ನಿನ್ನ ಶತ್ರು ಕಿವುಡನಾ? ಅಡುಗೆಮನೇಲಿ ಕೂತಿರೋ ನಂಗೇ ಗೊತ್ತಾಯ್ತು. ರಾಣಿ ಕಥೆ ಮೊದಲ್ನೇ ದಿನಾನೇ ಮುಗೀತು ಬಿಡು."

ಥರ್ಮೋಕೋಲು ಮೂರು ಸಲ ನನ್ನ ಮಾನ ಕಾಪಾಡಿತ್ತು. ಈ ಕಲ್ಲು ಒಂದೇ ಸುತ್ತಿಗೆ ತೆಗೆಯಿತು.

ಮರಳು ಹಾಕಿ ತಿರುಗಿಸಿದೆ, ಹಲ್ಲೆಲ್ಲ ಜುಮ್ಮೆಂದಿತು. ಹೊಟ್ಟು ಹಾಕಿದೆ, ಸದ್ದೇ ಬರಲಿಲ್ಲ. ರಾಗಿ ಹಾಕಿದರೆ ಸದ್ದು ಸರಿ, ಆದರೆ ರಾಗಿ ಇದ್ದಿದ್ದರೆ ರಾಣಿಗೆ ಕಷ್ಟವೇ ಇರಲಿಲ್ಲ, ನನಗೆ ನಾಟಕವೂ ಇರಲಿಲ್ಲ.

ಮರುದಿನ ಕಲ್ಲಿನ ಎರಡೂ ಹೋಳನ್ನು ಕಂಬಳಿಯಲ್ಲಿ ಸುತ್ತಿ ಆಟೋ ಹತ್ತಿದೆ. ಹಿಂದಿನ ಟೈರು ಕೂತಿತು.

"ಏನ್ ಆಂಟಿ ಇದು?"

"ರಾಗಿಕಲ್ಲು."

"ಮಾರೋಕಾ?"

"ರೇಡಿಯೋದಲ್ಲಿ ಮಾತಾಡುತ್ತೆ."

ಅವನು ಕನ್ನಡಿಯಲ್ಲಿ ನನ್ನನ್ನು ಒಂದು ಸಲ ನೋಡಿದ. ಡೈರಿ ಸರ್ಕಲ್ ದಾಟುವವರೆಗೂ ಗಾಡಿ ನಿಧಾನ ಮಾಡಲಿಲ್ಲ.

ಆಫೀಸರಿಗೆ ಇದ್ದದ್ದು ಇದ್ದ ಹಾಗೆ ಹೇಳಿದೆ. ನಾಟಕದಲ್ಲಿ ತಪ್ಪಿದೆ, ಬರಿಗಲ್ಲಿನ ಸದ್ದು ಎಂಥವರಿಗೂ ಗೊತ್ತಾಗುತ್ತದೆ ಎಂದೆ. ಅವರು ನಂಬಲಿಲ್ಲ. ನನ್ನನ್ನು ಕಲ್ಲಿನ ಸಮೇತ ಗಾಜಿನ ಕೋಣೆಗೆ ಕಳಿಸಿ, ತಾವೆಲ್ಲ ಆ ಕಡೆ ಬೆನ್ನು ತಿರುಗಿಸಿ ನಿಂತರು. ಒಂದು ಸಲ ಬರಿದು ತಿರುಗಿಸಿದೆ, ಒಂದು ಸಲ ರಾಗಿ ಹಾಕಿ.

"ಎರಡೂ ಒಂದೇ ಅಲ್ವೇನಮ್ಮ," ಎಂದರು ಆಫೀಸರು. ಕಿವಿಗೆ ಹೆಡ್‌ಫೋನು ಹಾಕಿಕೊಂಡಿದ್ದ ರೆಕಾರ್ಡಿಂಗಿನವರು, "ಎರಡನೇದು ಬರಿ ಕಲ್ಲು, ನೂರಕ್ಕೆ ನೂರು," ಎಂದರು. ಶತ್ರುವಿನ ದಂಡನಾಯಕನ ಪಾತ್ರದವರು ಎರಡರಲ್ಲೂ ರಾಗಿ ಇದೆ ಎಂದರು. ರಾಣಿಯಾಗಿದ್ದ ಹುಡುಗಿಗೂ ತಿಳಿಯಲಿಲ್ಲ. ಅವಳು ಹುಟ್ಟುವಷ್ಟರಲ್ಲಿ ಎಲ್ಲ ಕಡೆ ಮಿಲ್ಲು ಬಂದಿತ್ತು.

ಬಾಗಿಲ ಹತ್ತಿರ ನೆಲ ಒರೆಸುತ್ತಿದ್ದ ಹೆಂಗಸು ಮಾತ್ರ ಬಗ್ಗಿದ ತಲೆ ಎತ್ತದೆ ನಗುತ್ತಿದ್ದಳು. ಹತ್ತಿರ ಹೋಗಿ ಕೇಳಿದೆ.

"ಮೊದಲ್ನೇದು ಬರಿ ಕಲ್ಲು. ಅದೂ ಗೊತ್ತಾಗಲ್ವಾ?" ಎಂದಳು.

"ಮತ್ತೆ ಯಾಕೆ ಹೇಳ್ಲಿಲ್ಲ?"

"ನೀವೇನೋ ಅವರನ್ನ ಆಟ ಆಡಿಸ್ತಿದ್ದೀರಿ ಅನ್ಕೊಂಡೆ. ಹೆಂಗಸು ಒಬ್ಳು ಆಟ ಆಡಿಸ್ತಿದ್ರೆ ನಾನ್ಯಾಕೆ ಕೆಡಿಸ್ಲಿ?"

ಅವಳು ಬಕೆಟ್ ಎತ್ತಿಕೊಂಡು ಹೋದಳು. ನನ್ನ ನಾಟಕ ಅಲ್ಲಿಗೆ ಸರಿಹೋಯಿತು.

ಅರ್ಧ ಗಂಟೆ ಕೊಡಿ ಎಂದೆ. ಆಫೀಸರು ಗಡಿಯಾರ ನೋಡಿದರು. "ಎರಡು ಗಂಟೆಗೆ ಸ್ಟುಡಿಯೋ ಬೇರೆಯವರಿಗೆ ಕೊಟ್ಟಾಗಿದೆ ಅಮ್ಮ. ಆಗ್ಲಿಲ್ಲ ಅಂದ್ರೆ ಈ ನಾಟಕ ಕೈಬಿಡ್ಬೇಕಾಗುತ್ತೆ."

ಕಾರಿಡಾರಿನ ಬೆಂಚಿನ ಮೇಲೆ ಕೂತು ಬರೆದೆ. ಶತ್ರುವಿನ ಡೇರೆಯಲ್ಲಿ ಒಬ್ಬ ಅಡುಗೆಯ ಮುದುಕಿಯನ್ನು ತಂದು ಕೂರಿಸಿದೆ. ಪುಟಕ್ಕೆ ಎಂಟು ಸಾಲಿನ ಹಾಗೆ ಐದು ಪುಟ. ಒತ್ತು, ದೀರ್ಘ ಹೇಗೆ ಬಿದ್ದವೋ ಹಾಗೆ.

ಆ ಮುದುಕಿಯ ಮಾತು ನಾನೇ ಆಡುತ್ತೇನೆ ಎಂದೆ. ಆಡಿಷನ್ ಪಾಸಾಗದವರು ಮೈಕಿನಲ್ಲಿ ಮಾತಾಡುವ ಹಾಗಿಲ್ಲವಂತೆ.

"ಕಲ್ಲಿಗೆ ಆಗಿದ್ಯಾ ಆಡಿಷನ್?"

"ಕಲ್ಲಿಗೆ ಬೇಡ ಅಮ್ಮ. ನಿಮಗೆ ಬೇಕು."

ಕೊನೆಗೆ ರಾಣಿಯ ದಾಸಿಯಾಗಿದ್ದವರೇ ದನಿ ಬದಲಿಸಿ ಮುದುಕಿಯಾದರು. ಮೊದಲು ಬಹಳ ನಾಜೂಕು ಮಾಡಿದರು. ಗಂಟಲಿಂದ ಬೇಡ ತಾಯಿ, ಹೊಟ್ಟೆಯಿಂದ ಮಾತಾಡಿ ಎಂದು ನಾಲ್ಕು ಸಲ ಹೇಳಿಸಿದೆ. ನಾನು ಕಲ್ಲು ಬೀಸಿದೆ. ಎರಡಕ್ಕೆ ಐದು ನಿಮಿಷ ಇರುವಾಗ ಮುಗಿಯಿತು. ನನ್ನ ರಟ್ಟೆ ಒಂದು ವಾರ ಮೇಲೇಳಲಿಲ್ಲ.

ನಾಟಕ ಪ್ರಸಾರವಾದ ಸಂಜೆ ಹಜಾರದ ತುಂಬ ಜನ. ಹುಬ್ಬಳ್ಳಿಯ ಅಕ್ಕತಂಗಿಯರು ಆಫೀಸಿಂದ ಬಂದವರು ಬ್ಯಾಗೂ ಇಳಿಸದೆ ಕೂತಿದ್ದರು. ಬೀಗರೂ ಬಂದಿದ್ದರು. ಕರೆದಿದ್ದು ನಾನೇ. ಓರಗಿತ್ತಿಗೆ ನಾಟಕ ತಿದ್ದಿದ್ದನ್ನು ಬೇಕಂತಲೇ ಹೇಳಿರಲಿಲ್ಲ. ಅವಳು ನಗುವುದಕ್ಕೆ ಸಿದ್ಧಳಾಗಿ, ಅವರೆಕಾಯಿಯ ಬುಟ್ಟಿ ಮಡಿಲಲ್ಲಿಟ್ಟುಕೊಂಡು ರೇಡಿಯೋ ಪಕ್ಕವೇ ಕೂತಿದ್ದಳು.

ಬರಿಗಲ್ಲು ಕಿರುಚಿತು. ಓರಗಿತ್ತಿ ನನ್ನ ಕಡೆ ನೋಡಿ ಹುಬ್ಬು ಹಾರಿಸಿದಳು.

ಡೇರೆಯಲ್ಲಿ ಒಲೆ ಮುಂದೆ ಮುದುಕಿ ತನ್ನಷ್ಟಕ್ಕೆ ಅಂದುಕೊಂಡಳು: "ಅಯ್ಯೋ ನನ್ನವ್ವ, ಬರೀ ಕಲ್ಲು ಬೀಸ್ತಾವ್ರಲ್ಲ."

ಓರಗಿತ್ತಿಯ ಕೈ ನಿಂತಿತು.

ದಂಡನಾಯಕ ಬಂದ. "ಮುದುಕಿ, ಕೋಟೆಯೊಳಗೆ ಅದೇನು ಸದ್ದು?"

 ರೇಡಿಯೋದಲ್ಲಿ ಕಲ್ಲು ಒಂದೇ ತಿರುಗುತ್ತಿತ್ತು.  ಓರಗಿತ್ತಿ ರೇಡಿಯೋ ಕಡೆ ಬಗ್ಗಿ, ಪಿಸುದನಿಯಲ್ಲಿ, "ಹೇಳ್ಬೇಡ ಕಣೇ," ಎಂದಳು.

"ರಾಗಿ ಬೀಸ್ತಾವ್ರೆ ಸಾಮಿ," ಎಂದಳು ಮುದುಕಿ. "ಸದ್ದು ನೋಡಿದ್ರೆ ಮುಂದಿನ ಸುಗ್ಗಿಗಂಟ ಇರಂಗದೆ."

ಓರಗಿತ್ತಿ ಉಸಿರು ಬಿಟ್ಟಳು. ಒಂದು ಅವರೆಕಾಯಿ ಸುಲಿದು ಕಾಳನ್ನು ಬಟ್ಟಲಿಗೆ ಹಾಕಿದಳು.

"ಆ ಮುದುಕಿಗೆ ಬುದ್ಧಿ ಇದೆ ಕಣಕ್ಕ," ಎಂದಳು. "ನಿನ್ನ ರಾಣಿಗೇ ಸಾಲದು."