ಎಲ್ಲಿಂದಪ್ಪನವರ ಭಾನುವಾರಗಳು

ಯಾರು ಬೇಕಾದರೂ ಬರೆಯಬಹುದಾದ, ಯಾರು ಬೇಕಾದರೂ ತಿದ್ದಬಹುದಾದ ಮುಕ್ತ ವಿಶ್ವಕೋಶದಲ್ಲಿ ಸಾವಿರ ಲೇಖನ ಬರೆದವರಿದ್ದಾರೆ, ಹತ್ತು ಸಾವಿರ ತಪ್ಪು ತಿದ್ದಿದವರಿದ್ದಾರೆ. ಅಂಥವರ ಹೆಸರುಗಳು ಪಟ್ಟಿಗಳಲ್ಲಿ ಸಿಗುತ್ತವೆ. ಆದರೆ ಹೊಸದಾಗಿ ಬಂದವರ ಪಕ್ಕಕ್ಕೆ ಕುರ್ಚಿ ಎಳೆದುಕೊಂಡು ಕೂತು, ಅವರ ಮೊದಲ ಲೇಖನ ಅಳಿಸಿಹೋಗದಂತೆ, ಅಳಿಸಿಹೋದರೂ ಅವರ ಮನಸ್ಸು ಮುರಿಯದಂತೆ ನೋಡಿಕೊಂಡವರು ಯಾವ ಪಟ್ಟಿಯಲ್ಲೂ ಕಾಣಿಸುವುದಿಲ್ಲ. ಹದಿನಾರು ವರ್ಷ ಅದೊಂದೇ ಕೆಲಸವನ್ನು ಶ್ರದ್ಧೆಯಿಂದ ಮಾಡಿ, ಎಪ್ಪತ್ತೈದು ತುಂಬಿದ ಈ ವರ್ಷ ಹೊಸಬರ ಸಹಾಯಕೇಂದ್ರದ ಹೊಣೆಯಿಂದ ಬಿಡುವು ಪಡೆಯುತ್ತಿರುವ ಹಿರಿಯರೊಬ್ಬರಿಗೆ ಈ ಸಂಪುಟವನ್ನು ಅರ್ಪಿಸಲಾಗುತ್ತಿದೆ.

ಭೂಮಾಪನ ಕಚೇರಿಯಲ್ಲಿ ಮೂವತ್ತನಾಲ್ಕು ವರ್ಷ ನಕ್ಷೆ ಬರೆದ ಈ ಹಿರಿಯರಿಗೆ ತಂದೆತಾಯಿ ಇಟ್ಟ ಹೆಸರೊಂದಿದೆ. ಅದು ಈಗ ಮನೆಯ ಕರೆಂಟ್ ಬಿಲ್ಲಿನ ಮೇಲಷ್ಟೇ ಉಳಿದಿದೆ. ಮಿಕ್ಕವರಿಗೆಲ್ಲ ಅವರು ಎಲ್ಲಿಂದಪ್ಪನವರು. ಯಾರು ಏನನ್ನೇ ಬರೆದು ತೋರಿಸಲಿ, ಕಣ್ಣರಳಿಸಿ "ಹೌದಾ! ಇದು ಎಲ್ಲಿಂದಪ್ಪಾ?" ಎಂದು ಕೇಳುವುದು ಅವರ ರೂಢಿ. ಆ ಪ್ರಶ್ನೆಯಲ್ಲಿ ಗದರಿಕೆ ಇರುತ್ತಿರಲಿಲ್ಲ; ಹೊಸ ಆಟಿಕೆ ಕಂಡ ಮಗುವಿನ ಆಸೆ ಇರುತ್ತಿತ್ತು. ಒಬ್ಬ ಹೊಸಬರಂತೂ ಅದನ್ನೇ ನಿಜವಾದ ಹೆಸರೆಂದು ನಂಬಿ, ಲಕೋಟೆಯ ಮೇಲೆ "ಶ್ರೀ ಎಲ್ಲಿಂದಪ್ಪನವರಿಗೆ" ಎಂದು ಬರೆದು ಅಂಚೆಗೆ ಹಾಕಿದ್ದರು. ಪತ್ರ ಮೂರನೆಯ ದಿನಕ್ಕೆ ಸರಿಯಾಗಿ ಬಂದು ತಲುಪಿತು.

ಅವರು ಈ ಕ್ಷೇತ್ರಕ್ಕೆ ಕಾಲಿಟ್ಟದ್ದು ಜಗಳದಿಂದ. ಕಚೇರಿಯಿಂದ ನಿವೃತ್ತರಾದ ಮರುವರ್ಷ, ಊರಿನ ಹಳೆಯ ಸೇತುವೆಯ ಬಗ್ಗೆ ವಿಶ್ವಕೋಶದಲ್ಲಿದ್ದ ಲೇಖನವನ್ನು ಓದುತ್ತ ಅದರ ಉದ್ದ ತಪ್ಪಾಗಿರುವುದನ್ನು ಕಂಡರು. ಆ ಸೇತುವೆಯನ್ನು ಹರೆಯದಲ್ಲಿ ಅವರೇ ಸರಪಳಿ ಹಿಡಿದು ಅಳೆದಿದ್ದರು. ಸಂಖ್ಯೆ ತಿದ್ದಿದರು. ಹತ್ತು ನಿಮಿಷದಲ್ಲಿ ಯಾರೋ ಅದನ್ನು ಮೊದಲಿನಂತೆ ಮಾಡಿದರು. ಮತ್ತೆ ತಿದ್ದಿದರು, ಮತ್ತೆ ಹೋಯಿತು. ಚರ್ಚಾಪುಟದಲ್ಲಿ "ಅಳೆದವನೇ ನಾನು!" ಎಂದು ದೊಡ್ಡದಾಗಿ ಬರೆದರು. "ನಂಬುತ್ತೇವೆ ಸ್ವಾಮಿ. ಆದರೆ ಓದುವವರಿಗೆ ಅನುಮಾನ ಬಂದರೆ ನಿಮ್ಮನ್ನು ಎಲ್ಲಿ ಹುಡುಕಿಕೊಂಡು ಬರಬೇಕು? ಅಚ್ಚಾದ ಆಕರ ಕೊಡಿ" ಎಂಬ ಉತ್ತರ ಬಂತು.

ಅಡುಗೆಮನೆಗೆ ಹೋಗಿ ಹೆಂಡತಿಯ ಮುಂದೆ ಹಾರಾಡಿದರು. ಆ ತಾಯಿ ತರಕಾರಿ ಹೆಚ್ಚುವುದನ್ನು ನಿಲ್ಲಿಸದೆ, "ಮೊನ್ನೆ ಕನ್ನಡಕ ಎಲ್ಲಿಟ್ಟಿದ್ದೀನಿ ಅಂತಾನೂ ಇಷ್ಟೇ ಗಟ್ಟಿಯಾಗಿ ಹೇಳಿದ್ರಿ" ಎಂದರಂತೆ.

ಹಟ ಹಿಡಿದು ಮೂರು ವಾರ ಗ್ರಂಥಾಲಯದಲ್ಲಿ ಧೂಳು ಕುಡಿದ ಮೇಲೆ, ಸೇತುವೆ ಕಟ್ಟಿದ ಕಾಲದ ವರದಿಯೊಂದು ಸಿಕ್ಕಿತು. ಅದರಲ್ಲಿದ್ದ ಉದ್ದ ವಿಶ್ವಕೋಶದ ಸಂಖ್ಯೆಯೂ ಅಲ್ಲ, ಅವರ ಸಂಖ್ಯೆಯೂ ಅಲ್ಲ! ಹಳೆಯ ಟಿಪ್ಪಣಿ ಪುಸ್ತಕ ತೆಗೆದು ನೋಡಿದರೆ, ತಾವು ಎರಡೂ ತುದಿಯ ಇಳಿಜಾರುಗಳನ್ನು ಸೇರಿಸಿ ಅಳೆದಿದ್ದರು. ಅವರು ತಪ್ಪನ್ನು ಒಪ್ಪಿಕೊಂಡು ಸರಿಯಾದ ಸಂಖ್ಯೆಯನ್ನು ಪುಟದ ಸಂಖ್ಯೆಯೊಂದಿಗೆ ಹಾಕಿದರು. ಬೇರೆ ಯಾರಾದರೂ ಅಲ್ಲಿಗೆ ಕೈತೊಳೆದುಕೊಳ್ಳುತ್ತಿದ್ದರು. ಇವರಿಗೆ ಮಾತ್ರ, ತಾನು ಖಂಡಿತವೆಂದು ತಿಳಿದದ್ದರಲ್ಲಿ ಇನ್ನೆಷ್ಟು ಹೀಗಿರಬಹುದು ಎಂಬ ಕುತೂಹಲ ಹತ್ತಿಕೊಂಡಿತು. ತನ್ನಂತೆಯೇ ಸಿಟ್ಟಿನಿಂದ ಬಾಗಿಲು ಬಡಿಯುವ ಹೊಸಬರು ಎಷ್ಟು ಮಂದಿ ಇದ್ದಾರೋ ಎಂದು ನೋಡಲು ಹೊರಟವರು, ಅವರ ನಡುವೆಯೇ ಉಳಿದುಬಿಟ್ಟರು.

ಗ್ರಂಥಾಲಯದ ಮಹಡಿಯ ಮೇಲಿನ ಕೋಣೆಯನ್ನು ಕೇಳಿ ಪಡೆದು, ಭಾನುವಾರ ಬೆಳಿಗ್ಗೆ ಹೊಸಬರಿಗೆ ಪಾಠ ಆರಂಭಿಸಿದರು. ಐದು ಕಂಪ್ಯೂಟರ್, ಅದರಲ್ಲಿ ಒಂದಕ್ಕೆ ಬುದ್ಧಿ ಬಂದಾಗ ಮಾತ್ರ ಜೀವ. ಅಲ್ಲಿಗೆ ದಾದಿಯರು ಬಂದರು, ಬಸ್ ಕಂಡಕ್ಟರು ಬಂದರು, ಚದುರಂಗದ ಹುಚ್ಚಿನ ದಂತವೈದ್ಯರೊಬ್ಬರು ಬಂದರು. ತನ್ನ ಬಗ್ಗೆ ತಾನೇ ಲೇಖನ ಬರೆದುಕೊಳ್ಳಲು ಬಂದ ವಾರ್ಡಿನ ಮುಖಂಡರೊಬ್ಬರನ್ನೂ ಅವರು ಬೈದು ಕಳಿಸಲಿಲ್ಲ. "ನಿಮ್ಮ ಬಗ್ಗೆ ನಿಮ್ಮವರಲ್ಲದೋರು ಏನು ಬರೆದಿದ್ದಾರೆ, ತನ್ನಿ, ಓದೋಣ" ಎಂದರು. ಮುಖಂಡರು ಹುಡುಕಲು ಹೋದವರು, ಆರು ತಿಂಗಳ ನಂತರ ಊರಿನ ಕೊಳಾಯಿ ವ್ಯವಸ್ಥೆಯ ಇತಿಹಾಸ ಬರೆದುಕೊಂಡು ಬಂದರು.

ಅವರ ಬೋಧನಾಕ್ರಮದಲ್ಲಿ ನಿಯಮಾವಳಿಯ ಪಠಣವಿರಲಿಲ್ಲ. ಹೊಸಬರು ತಂದ ಪ್ಯಾರಾವನ್ನು ವಾಕ್ಯ ವಾಕ್ಯವಾಗಿ ಓದಿಸಿ, ಪ್ರತಿಯೊಂದರ ಹಿಂದೆ ನಿಂತಿರುವವರು ಯಾರು, ಅವರಿಗೆ ಅದು ಹೇಗೆ ಗೊತ್ತಾಯಿತು, ಅದನ್ನು ಒಪ್ಪದ ಇನ್ನೊಬ್ಬರಿದ್ದಾರೆಯೇ ಎಂದು ಕೆದಕುತ್ತ ಹೋಗುತ್ತಿದ್ದರು. ಅವರು ಪತ್ತೇದಾರಿ ಕತೆಯಂತೆ ಅದನ್ನು ಬಿಡಿಸುವಾಗ ಪಕ್ಕದ ಮೇಜಿನವರೂ ತಮ್ಮ ಕೆಲಸ ಬಿಟ್ಟು ಕಿವಿಗೊಡುತ್ತಿದ್ದರು.

ಇಷ್ಟೆಲ್ಲ ಇದ್ದೂ ಅವರ ಪಾಠದಲ್ಲಿ ಒಂದು ತೂತು ಇತ್ತು. ಅದು ಎಂಟನೆಯ ವರ್ಷದಲ್ಲಿ ಬಯಲಾಯಿತು.

ಆಗ ಅವರ ಶಿಷ್ಯರಲ್ಲಿ ಎಲ್ಲರಿಗಿಂತ ಮುಂದಿದ್ದವರು ಒಬ್ಬ ಹೊಲಿಗೆ ಟೀಚರ್. ಅಂಗಡಿಯೊಂದರ ಮೇಲಿನ ಹಾಲ್‌ನಲ್ಲಿ ಎಂಟು ಮಿಷನ್ ಇಟ್ಟುಕೊಂಡು ಹೊಲಿಗೆ ಕಲಿಸುತ್ತಿದ್ದ ಆಕೆ ಎರಡೇ ವರ್ಷಗಳಲ್ಲಿ ಬಟ್ಟೆ, ನೂಲು, ಬಣ್ಣ, ಹೊಲಿಗೆಗಳ ಬಗ್ಗೆ ನಲವತ್ತೆರಡು ಲೇಖನ ಬರೆದಿದ್ದರು. ಪ್ಯಾರಾಕ್ಕೊಂದು ಆಕರ, ಅದರ ಪುಟಸಂಖ್ಯೆ ಸಮೇತ. ಎಲ್ಲಿಂದಪ್ಪನವರು ಹೊಸಬರಿಗೆಲ್ಲ "ಹೀಗೆ ಬರೀರಿ ನೋಡಿ" ಎಂದು ಆ ಲೇಖನಗಳನ್ನೇ ತೋರಿಸುತ್ತಿದ್ದರು.

ಒಂದು ದಿನ ಸಹಾಯಕೇಂದ್ರಕ್ಕೆ ಪತ್ರ ಬಂತು. ಬರೆದವರು ಒಬ್ಬ ಹಿರಿಯ ಲೇಖಕರ ಮಗಳು. "ನನ್ನ ತಂದೆಗೆ ಎಂಬತ್ತನಾಲ್ಕು. ಬಟ್ಟೆಯ ಕುರಿತು ಅವರು ಬರೆದ ಪುಸ್ತಕ ಈಗ ಅಂಗಡಿಗಳಲ್ಲಿಲ್ಲ. ನಿಮ್ಮ ವಿಶ್ವಕೋಶದ ಲೇಖನಗಳನ್ನು ಅವರಿಗೆ ಓದಿ ಹೇಳುತ್ತಿದ್ದೆ. ನಾನು ಅರ್ಧ ವಾಕ್ಯ ಓದುವಷ್ಟರಲ್ಲಿ ಉಳಿದರ್ಧವನ್ನು ಅವರೇ ಹೇಳಿಬಿಟ್ಟರು. ಇದು ಹೇಗೆ?"

ಎಲ್ಲಿಂದಪ್ಪನವರು ಗ್ರಂಥಾಲಯದಿಂದ ಆ ಪುಸ್ತಕ ತರಿಸಿ, ಲೇಖನಗಳನ್ನು ಪಕ್ಕದಲ್ಲಿಟ್ಟು ನಾಲ್ಕು ದಿನ ಕೂತು ಹೋಲಿಸಿದರು. ನಲವತ್ತೆರಡರಲ್ಲಿ ಮೂವತ್ತೊಂದು ಲೇಖನಗಳು ಹೆಚ್ಚುಕಡಿಮೆ ಪುಸ್ತಕವೇ. ಅಲ್ಲೊಂದು ಇಲ್ಲೊಂದು ಪದ ಬದಲಾಗಿತ್ತು, ಅಷ್ಟೆ. ಆಕರ ಕೊಟ್ಟ ಮೇಲೆ ವಾಕ್ಯವನ್ನೂ ಎತ್ತಿಕೊಳ್ಳಬಹುದೆಂದು ಆಕೆ ತಿಳಿದಿದ್ದರು. ಹಾಗಲ್ಲ ಎಂದು ಹೇಳಬೇಕಾದವರು ಹೇಳಿರಲಿಲ್ಲ. ವಿಷಯ ಎಲ್ಲಿಂದ ಬಂತೆಂದು ಸಾವಿರ ಸಲ ಕೇಳಿದ್ದ ಗುರುಗಳು, ಮಾತು ಯಾರದ್ದೆಂದು ಒಂದು ಸಲವೂ ಕೇಳಿರಲಿಲ್ಲ.

ಚರ್ಚಾಪುಟದಲ್ಲಿ ಗುಲ್ಲೆದ್ದಿತು. ಇಷ್ಟು ದೊಡ್ಡ ನಕಲು ಮಾಡಿದವರನ್ನು ಶಾಶ್ವತವಾಗಿ ಹೊರಗಿಡಬೇಕೆಂದು ಕೆಲವರು ಪಟ್ಟು ಹಿಡಿದರು. ಅಂದು ಎಲ್ಲಿಂದಪ್ಪನವರು ಅಲ್ಲಿ ಬರೆದ ಮಾತು ಇಂದಿಗೂ ಆ ಪುಟದ ಇತಿಹಾಸದಲ್ಲಿದೆ: "ಲೇಖನಗಳು ಹೋಗಲೇಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಈಕೆ ಏನನ್ನೂ ಬಚ್ಚಿಡಲಿಲ್ಲ. ಎಲ್ಲಿಂದ ತೆಗೆದರೆಂದು ತಾವೇ ಪುಟಪುಟಕ್ಕೂ ಹೇಳಿದ್ದಾರೆ. ಅರ್ಧ ಪಾಠ ಹೇಳಿಕೊಟ್ಟವನು ನಾನು. ಅಳಿಸುವ ಕಾರಣದ ಜಾಗದಲ್ಲಿ ನನ್ನ ಹೆಸರನ್ನೂ ಬರೆಯಿರಿ. ಹೊರಗೆ ಹಾಕುವುದಿದ್ದರೆ ನನ್ನಿಂದ ಶುರುಮಾಡಿ." ಮೂರನೆಯ ದಿನ ಲೇಖನಗಳು ಹೋದವು, ಟೀಚರ್ ಉಳಿದರು.

ಉಳಿದರೆಂದು ಹೇಳಿದರೂ, ಆಕೆ ಮುಂದಿನ ಭಾನುವಾರ ಬರಲಿಲ್ಲ. ಅದರ ಮುಂದಿನ ಭಾನುವಾರವೂ ಬರಲಿಲ್ಲ. ಎಲ್ಲಿಂದಪ್ಪನವರೇ ಹುಡುಕಿಕೊಂಡು ಹೊಲಿಗೆ ಶಾಲೆಗೆ ಹೋದರು. ಮಧ್ಯಾಹ್ನದ ಬಿಡುವು. ಆಕೆ ಒಬ್ಬರೇ ಮಿಷನ್ ಮುಂದೆ ಕೂತಿದ್ದರು. ತಲೆ ಎತ್ತಲಿಲ್ಲ.

"ಬನ್ನಿ ಸಾರ್. ಇನ್ನೂ ಏನಾದ್ರೂ ಅಳಿಸೋದು ಬಾಕಿ ಇದೆಯಾ?"

"ಇಲ್ಲಮ್ಮ. ಕಾಜ ಮಾಡೋದು ಹೆಂಗೆ ಅಂತ ಕೇಳೋಣ ಅಂತ ಬಂದೆ. ಗುಂಡಿ ಹಾಕೋಕೆ ಬರುತ್ತೆ, ಕಾಜ ಗೊತ್ತಿಲ್ಲ."

"ಪುಸ್ತಕದಲ್ಲೇ ಇದೆಯಲ್ಲ."

"ಪುಸ್ತಕ ಓದಿದೀನಿ. ನಿಮ್ಮ ಬಾಯಲ್ಲಿ ಕೇಳಬೇಕು."

ಆಕೆ ಬಟ್ಟೆಯ ಚೂರೊಂದನ್ನು ಎಳೆದುಕೊಂಡರು. ಬೇಸರದಲ್ಲೇ ಶುರುವಾದ ಮಾತು, ಕೈ ಓಡತೊಡಗಿದ ಮೇಲೆ ಹದಕ್ಕೆ ಬಂತು. "ಮೊದ್ಲು ಗುರುತು ಹಾಕ್ಕೋಬೇಕು. ಆಮೇಲೆ ಎರಡೂ ಕಡೆ ದಟ್ಟವಾಗಿ ಹೊಲಿಗೆ. ಎಲ್ಲಾ ಗಟ್ಟಿ ಆದ್ಮೇಲೆ ಕೊನೇಲಿ ಮಧ್ಯ ಸೀಳೋದು. ಅವಸರಪಟ್ಟು ಮೊದ್ಲೇ ಸೀಳಿದ್ರೆ ಮಿಷನ್ ಕೆಳಗೆ ಎಳೆಗಳೆಲ್ಲ ಬಿಟ್ಕೊಂಡು ರಾಮಾಯಣ ಆಗುತ್ತೆ."

ಎಲ್ಲಿಂದಪ್ಪನವರು ಜೇಬಿನಿಂದ ಮಡಿಸಿದ ಹಾಳೆ ತೆಗೆದರು. ಅಳಿಸಿಹೋದ ಲೇಖನದ ಪ್ರತಿ. "ಇಲ್ಲಿ 'ಮೊದಲು ಸೀಳಿ, ತರುವಾಯ ಅಂಚುಗಳನ್ನು ಹೊಲಿಯತಕ್ಕದ್ದು' ಅಂತ ಬರೆದಿದ್ದೀರಲ್ಲ?"

ಆಕೆ ಹಾಳೆಯನ್ನು ಇಸಿದುಕೊಂಡು ಎರಡು ಸಲ ಓದಿದರು. "ಅದು ಕೈಹೊಲಿಗೆಗೆ ಸಾರ್. ಅಯ್ಯೋ... ದಿನಾ ಮಕ್ಕಳಿಗೆ ಬೇರೆ ಹೇಳಿಕೊಡ್ತೀನಿ. ಇಲ್ಲಿ ಇದನ್ನ ಬರೆದಿದ್ದೀನಿ. ಬರೀವಾಗ ನಾನು ಎಲ್ಲಿಗೆ ಹೋಗಿದ್ದೆ?"

"ಅದೇ ನನಗೂ ಆಶ್ಚರ್ಯ. ಅಚ್ಚಾಗಿದ್ದು ಕಂಡ ತಕ್ಷಣ ನಾವು ಎಲ್ಲಿಗೆ ಹೋಗಿಬಿಡ್ತೀವಿ?"

ಆಕೆಗೆ ಮೊದಲು ನಗು ಬಂತು, ಅದರ ಹಿಂದೆಯೇ ಕಣ್ಣೀರೂ ಬಂತು. ಮುಖ ಒರೆಸಿಕೊಂಡು, "ಈಗ ನಾನು ಹೇಳಿದ್ದಕ್ಕೆ ಆಕರ ಬೇಕಲ್ಲ, ಅದನ್ನ ಎಲ್ಲಿಂದ ತರೋದು?" ಎಂದು ತಾವೇ ಕೇಳಿದರು. ಮಿಷನ್ ಜೊತೆ ಬಂದಿದ್ದ ಕೈಪಿಡಿ ಮೇಜಿನ ಖಾನೆಯಲ್ಲೇ ನೂಲುಂಡೆಗಳ ಕೆಳಗೆ ಸಿಕ್ಕಿತು.

ಹೊಸ ಪಾಠಕ್ರಮ ಹುಟ್ಟಿದ್ದು ಆ ಮಧ್ಯಾಹ್ನ. ಒಂದೇ ಪುಸ್ತಕ ನೋಡಿ ಬರೆಯಬಾರದು, ಎರಡಾದರೂ ಓದಬೇಕು. ಓದಿದ ಮೇಲೆ ಮುಚ್ಚಿಡಬೇಕು. ಎದುರಿಗೆ ಕೂತವರಿಗೆ ಬಾಯಿಮಾತಿನಲ್ಲಿ ಹೇಳಬೇಕು. ಹೇಳಲಾಗದೆ ತಡವರಿಸಿದ ಜಾಗದಲ್ಲಿ ನಮಗೆ ವಿಷಯ ಅರ್ಥವಾಗಿಲ್ಲವೆಂದು ತಿಳಿದು ಮತ್ತೆ ಓದಬೇಕು. ಆಮೇಲೆ ಬರೆಯಬೇಕು. ಮೂವತ್ತೊಂದು ಲೇಖನಗಳನ್ನೂ ಟೀಚರ್ ಹೀಗೆ ಹನ್ನೊಂದು ತಿಂಗಳಲ್ಲಿ ಹೊಸದಾಗಿ ಬರೆದರು. ಎದುರಿಗೆ ಕೂತು ಕೇಳಿಸಿಕೊಂಡವರು ಎಲ್ಲಿಂದಪ್ಪನವರು. ಕೊನೆಕೊನೆಗೆ ಅವರು ಒಂದು ತಲೆದಿಂಬಿನ ಚೀಲವನ್ನು ತಾವೇ ಹೊಲಿದರಂತೆ, ದಿಂಬು ತುರುಕುವ ಬಾಯಿಯನ್ನು ಕೂಡ ಸೇರಿಸಿ.

ಕೆಲಸ ಮುಗಿದ ಮೇಲೆ ಗುರುಶಿಷ್ಯರಿಬ್ಬರೂ ಆ ಹಿರಿಯ ಲೇಖಕರ ಮನೆಗೆ ಕ್ಷಮೆ ಕೇಳಲು ಹೋದರು. ಕಿಟಕಿಯ ಪಕ್ಕದ ಕುರ್ಚಿಯಲ್ಲಿ, ಮಂಡಿಯ ಮೇಲೆ ಹೊದಿಕೆ ಹೊದ್ದು ಕೂತಿದ್ದ ವೃದ್ಧರು ಟೀಚರನ್ನು ಅಡಿಯಿಂದ ಮುಡಿಯವರೆಗೆ ನೋಡಿ, "ಮೂವತ್ತೊಂದು ಅಧ್ಯಾಯ ಓದಿದ್ದು ನೀವೇನಾ? ನನ್ನ ತಮ್ಮಾನೇ ಮೂರರಲ್ಲಿ ಕೈಬಿಟ್ಟಿದ್ದ" ಎಂದರು.

ಮಗಳು ಕೇಳಿದರು: "ಅಪ್ಪ ಈಗ ಅನುಮತಿ ಕೊಟ್ರೆ ಹಳೇ ಲೇಖನ ವಾಪಸ್ ಹಾಕಬಹುದಲ್ವಾ?"

"ನಮಗೊಬ್ಬರಿಗೇ ಕೊಟ್ರೆ ಸಾಲದಮ್ಮ," ಎಂದು ಎಲ್ಲಿಂದಪ್ಪನವರು ಬಿಡಿಸಿ ಹೇಳಿದರು. "ಯಾರು ಬೇಕಾದ್ರೂ ತಗೋಬಹುದು, ಬದಲಾಯಿಸಬಹುದು, ಅಚ್ಚು ಹಾಕಿ ಮಾರಲೂಬಹುದು ಅಂತ ಬರೆದು ಕೊಡಬೇಕಾಗುತ್ತೆ. ಯೋಚನೆ ಮಾಡಿ ಹೇಳಲಿ."

ವೃದ್ಧರು ಯೋಚಿಸಿದರು. "ಬೇಡ. ವಿಷಯ ಎಲ್ರದ್ದು, ತಗೊಳ್ಳಿ. ವಾಕ್ಯ ಮಾತ್ರ ನನ್ನ ಹತ್ರಾನೇ ಇರ್ಲಿ. ಅವನ್ನ ಕಟ್ಟೋಕೆ ಆರು ವರ್ಷ ಹಿಡೀತು." ಆಮೇಲೆ ಸ್ವರ ತಗ್ಗಿಸಿ, "ಆದರೆ ನೂರಾ ಹನ್ನೆರಡನೇ ಪುಟದಲ್ಲಿ ಒಂದು ತಪ್ಪಿದೆ. ಬಣ್ಣದ ನೀರಿಗೆ ಹಾಕೋಕೆ ಮೊದಲು ಬಟ್ಟೆಯನ್ನ ಪಟಿಕದ ನೀರಲ್ಲಿ ನೆನೆಸಬೇಕು. 'ಹಾಕುವ ಮೊದಲು' ಅನ್ನೋದು 'ಹಾಕಿದ ಮೇಲೆ' ಅಂತ ಅಚ್ಚಾಯ್ತು. ಮೂವತ್ತು ವರ್ಷದಿಂದ ಗಂಟಲಲ್ಲಿ ಸಿಕ್ಕೊಂಡಿದೆ. ಅದನ್ನಾದ್ರೂ ಸರಿಯಾಗಿ ಹಾಕಿಬಿಡಿ" ಎಂದರು.

ಟೀಚರ್ ಮೆಲ್ಲಗೆ ಹೇಳಿದರು: "ಅಲ್ಲಿ 'ಮೊದಲು' ಅಂತಾನೇ ಹಾಕಿದೀನಿ. ಬೇರೆ ಎರಡು ಪುಸ್ತಕದಲ್ಲಿ ಹಾಗಿತ್ತು. ನಿಮ್ಮ ಪುಸ್ತಕದಲ್ಲಿ ಬೇರೆ ಇದೆ ಅಂತ ಅಡಿಟಿಪ್ಪಣಿ ಕೊಟ್ಟಿದೀನಿ."

ವೃದ್ಧರು ಕೈ ಚಾಚಿ ಆಕೆಯ ಕೈ ಹಿಡಿದುಕೊಂಡರು. "ನಕಲು ಮಾಡಿದ್ದಾಗ ನನ್ನ ತಪ್ಪೂ ನಕಲಾಗಿತ್ತು, ಅಲ್ವೇನಮ್ಮ?" ಎಂದಷ್ಟೇ ಕೇಳಿದರು. ಅದಾದ ಎರಡು ತಿಂಗಳಿಗೆ ಮಗಳ ಕೈಯಿಂದ ಬರೆಸಿ, ಕುಶಲಕಲೆಗಳ ಒಂದು ಪತ್ರಿಕೆಗೆ ಆ ತಪ್ಪಿನ ಬಗ್ಗೆ ಒಂದೂವರೆ ಪುಟದ ಲೇಖನ ಕಳಿಸಿದರು. ಅದು ಅವರ ಕೊನೆಯ ಬರಹ. ಟೀಚರ್ ತಮ್ಮ ಅಡಿಟಿಪ್ಪಣಿಯ ಮುಂದೆ ಅದನ್ನೂ ಸೇರಿಸಿದರು.

ಆ ಬಳಿಕದ ಎಂಟು ವರ್ಷಗಳಲ್ಲಿ ಆ ಮಹಡಿಯ ಕೋಣೆಯಿಂದ ಮುನ್ನೂರಕ್ಕೂ ಹೆಚ್ಚು ಮಂದಿ ಕಲಿತು ಹೋದರು. ಕಳೆದ ತಿಂಗಳು ಸಹಾಯಕೇಂದ್ರದ ಹೊಣೆ ಹೊಲಿಗೆ ಟೀಚರ್ ಹೆಗಲಿಗೆ ಬಂತು. ಹಸ್ತಾಂತರದ ಸಣ್ಣ ಸಭೆಗೆ ಎಲ್ಲರೂ ಸೇರಿದ್ದರು, ಭಾಷಣಗಳೂ ಸಿದ್ಧವಾಗಿದ್ದವು. ಮುಖ್ಯ ಅತಿಥಿಯೇ ನಾಪತ್ತೆ. ಹುಡುಕಿದರೆ, ಕೆಳಗಿನ ಓದುವ ಕೋಣೆಯಲ್ಲಿ ಮಧ್ಯವಯಸ್ಸಿನ ಗಾರೆ ಮೇಸ್ತ್ರಿಯೊಬ್ಬರ ಜೊತೆ ತಲೆಗೆ ತಲೆ ಸೇರಿಸಿ ಕೂತಿದ್ದರು. ಮೇಜಿನ ಮೇಲೆ ಒಂದು ಫೋಟೋ: ಮನೆಯೊಂದರ ಮುಂಗೋಡೆಯ ಮೇಲೆ ಗಾರೆಯಲ್ಲಿ ಎತ್ತಿದ ಬಳ್ಳಿಯ ಚಿತ್ತಾರ.

"ಚಿತ್ತಾರ ಬರೆದಿದ್ದು ನಮ್ಮಪ್ಪ, ಅವರು ಹೋಗಿ ಹತ್ತು ವರ್ಷ ಆಯ್ತು," ಎನ್ನುತ್ತಿದ್ದರು ಮೇಸ್ತ್ರಿ. "ಗೋಡೆ ಮೇಲೆ ಎತ್ತಿದ್ದು ನಾನು. ಫೋಟೋ ತೆಗೆದಿದ್ದು ಮನೆ ಯಜಮಾನ್ರು. ಈಗ ಇದನ್ನ ಲೇಖನಕ್ಕೆ ಹಾಕಬೇಕಂದ್ರೆ ಯಾರನ್ನ ಕೇಳಬೇಕು ಸಾರ್?"

ಮೇಲಿನಿಂದ ಬಂದವರು ಮೆಟ್ಟಿಲ ಬಳಿ ನಿಂತೇ ಕೇಳಿಸಿಕೊಂಡರು. ಎಲ್ಲಿಂದಪ್ಪನವರು ಫೋಟೋವನ್ನು ಹತ್ತಿರ ಹಿಡಿದರು, ದೂರ ಹಿಡಿದರು, ಕನ್ನಡಕ ತೆಗೆದು ಮತ್ತೆ ಹಾಕಿಕೊಂಡರು. ಅವರ ಮುಖ ಅರಳಿತು.

"ನನಗೆ ಗೊತ್ತಿಲ್ಲ ಕಣ್ರೀ!" ಎಂದರು, ಹಬ್ಬದ ಸುದ್ದಿ ಹೇಳುವವರಂತೆ. "ಹದಿನಾರು ವರ್ಷದಲ್ಲಿ ಇಂಥದ್ದು ಬಂದೇ ಇಲ್ಲ. ಏಳಿ ಏಳಿ, ಕಾನೂನಿನ ಕಪಾಟು ಆ ಕಡೆ ಇದೆ, ನೋಡೋಣ."

ಸಭೆ ಒಂದು ಗಂಟೆ ತಡವಾಗಿ ನಡೆಯಿತು. ಯಾರೂ ಬೇಸರಪಟ್ಟುಕೊಳ್ಳಲಿಲ್ಲ, ಅರ್ಧದಷ್ಟು ಸಭಿಕರು ಆ ಕಪಾಟಿನ ಮುಂದೆಯೇ ಇದ್ದರು. ಕಣ್ಣಿಗೆ ಓದುವ ಶಕ್ತಿ, ಕಾಲಿಗೆ ಮಹಡಿ ಹತ್ತುವ ಕಸುವು, ಪಕ್ಕದಲ್ಲಿ ಸುಲಭಕ್ಕೆ ಒಪ್ಪದ ಆ ಮನೆಯಾಕೆ ಇವೆಲ್ಲವೂ ಈ ಹಿರಿಯರಿಗೆ ಬಹುಕಾಲ ಇರಲಿ. ಉತ್ತರ ಗೊತ್ತಿಲ್ಲದ ಪ್ರಶ್ನೆಗಳನ್ನು ಹಿಡಿದುಕೊಂಡು ಹೊಸಬರು ಅವರ ಬಾಗಿಲಿಗೆ ಬರುತ್ತಲೇ ಇರಲಿ ಎಂಬುದು ಶಿಷ್ಯಬಳಗದ ಹಾರೈಕೆ. ಮೇಸ್ತ್ರಿಯವರ ಪ್ರಶ್ನೆಗೆ ಈ ಸಂಪುಟ ಅಚ್ಚಿಗೆ ಹೋಗುವ ಹೊತ್ತಿಗೂ ಪೂರ್ತಿ ಉತ್ತರ ಸಿಕ್ಕಿಲ್ಲ. ಇಬ್ಬರೂ ಇನ್ನೂ ಹುಡುಕುತ್ತಿದ್ದಾರೆ.